ಕೂಲಿ ಎಷ್ಟು ಕೊಡ್ತಾರೆ?

ಮಾಂಗಾ ಓದೋಕೆ ಶುರು ಮಾಡ್ಬೇಕು, ಯಾವುದು ಓದ್ಲಿ ಅಂತ ಆಫೀಸಲ್ಲಿ ಯಾರಾದ್ರೂ ಕೇಳಿದರೆ ನಾನು ಹೇಳೋದು ಒಂದೇ: ಅಕಿಹಿತೊ ತ್ಸುಕುಶಿಯ ‘ಮೇಡ್ ಇನ್ ಅಬಿಸ್’, ಮೊದಲ ಸಂಪುಟ. ಬಂಗಾರಪೇಟೆ ಪಕ್ಕದ ಹಳ್ಳಿಯವನಾದ ನನಗೆ ಅದು ದೂರದ ಜಪಾನಿನ ಕಥೆ ಅನ್ನಿಸಲೇ ಇಲ್ಲ.

ಅಲ್ಲೊಂದು ಭಾರೀ ಪ್ರಪಾತ. ಬಾಯಿ ಸುಮಾರು 1 ಕಿಲೋಮೀಟರ್ ಅಗಲ, ಆಳ 20,000 ಮೀಟರಿಗೂ ಹೆಚ್ಚು. ಅದರ ಸುತ್ತ ಓರ್ತ್ ಅನ್ನೋ ಊರು. ಆಳದಲ್ಲಿ ಸಿಗುವ ಪುರಾತನ ವಸ್ತುಗಳೇ ಊರಿನ ಅನ್ನ. ಅನಾಥಾಲಯದ ಮಕ್ಕಳೂ ಕೊರಳಿಗೆ ಸೀಟಿ ಕಟ್ಟಿಕೊಂಡು ಇಳೀತಾರೆ. 12 ವರ್ಷದ ರಿಕೊಗೆ ಅಮ್ಮನನ್ನು ಹುಡುಕಿಕೊಂಡು ತಳದವರೆಗೂ ಹೋಗೋ ಆಸೆ. ಜೊತೆಗೆ ರೆಗ್ ಎಂಬ ಯಂತ್ರದ ಹುಡುಗ. ಚಿತ್ರಗಳೆಲ್ಲ ದುಂಡು ಕೆನ್ನೆ, ಮುದ್ದು ಮುಖ. ನಿಯಮ ಮಾತ್ರ ಕ್ರೂರ: ಇಳಿಯುವಾಗ ಏನೂ ಆಗಲ್ಲ, ಹತ್ತುವಾಗ ಶಾಪ ತಟ್ಟುತ್ತೆ. 1ನೇ ಹಂತದಿಂದ ಹತ್ತಿದರೆ ತಲೆಸುತ್ತು, 4ನೆಯದರಿಂದ ಮೈಯೆಲ್ಲ ರಕ್ತ, 6ನೆಯದರಿಂದ ಹತ್ತಿದವರು ಮನುಷ್ಯರಾಗಿ ಉಳಿಯಲ್ಲ.

ನಮ್ಮ ಕೆಜಿಎಫ್‌ನ ಚಾಂಪಿಯನ್ ರೀಫ್ ಗಣಿ 3 ಕಿಲೋಮೀಟರಿಗೂ ಆಳ. ತಳದಲ್ಲಿ ಬಂಡೆಯ ಶಾಖ 60 ಡಿಗ್ರಿ ದಾಟ್ತಿತ್ತು. 1902ರಲ್ಲೇ, ಬೆಂಗಳೂರಿಗಿಂತ ಮೊದಲು, ಶಿವನಸಮುದ್ರದ ಕರೆಂಟ್ ಇಲ್ಲಿಗೆ ಬಂತು ಅಂತ ನಾವೆಲ್ಲ ಜಂಬ ಕೊಚ್ಕೋತೀವಿ. ಬಂದದ್ದು ಗಣಿಗೆ. ಗಣಿ ನಡೆಸಿದ್ದು ಲಂಡನ್ನಿನ ಜಾನ್ ಟೇಲರ್ ಕಂಪನಿ, ಇಳಿದವರಲ್ಲಿ ಬಹಳಷ್ಟು ಮಂದಿ ಆರ್ಕಾಟ್ ಕಡೆಯಿಂದ ಬಂದ ದಲಿತರು. ಶಾಪ ಇಲ್ಲೂ ಮೇಲೆ ಬಂದ ಮೇಲೇ ಗೊತ್ತಾಗ್ತಿತ್ತು: ಕಲ್ಲಿನ ಧೂಳು ಶ್ವಾಸಕೋಶದಲ್ಲಿ ಕೂತು, ವರ್ಷಗಳಾದ ಮೇಲೆ ಸಿಲಿಕೋಸಿಸ್. 2001ರಲ್ಲಿ ಗಣಿ ಮುಚ್ಚಿದರೂ ಕೆಮ್ಮು ನಿಲ್ಲಲಿಲ್ಲ.

ಒಂದ್ಸಲ ಮಾರಿಕುಪ್ಪಂ ರೈಲಲ್ಲಿ ಊರಿಗೆ ಹೋಗ್ತಾ ಈ ಪುಸ್ತಕ ತೆಗೆದಿದ್ದೆ. ಪಕ್ಕದಲ್ಲಿದ್ದ ತಾತ ಇಣುಕಿ ನೋಡಿದರು. ಗಣೀಲಿ ಕೆಲಸ ಮಾಡಿದವರು. ಚಿತ್ರ ತೋರಿಸಿ ಕಥೆ ಹೇಳಿದೆ. ಶಾಪದ ಬಗ್ಗೆ ಅವರೇನೂ ಕೇಳಲಿಲ್ಲ.

“ಆ ಮಗೂಗೆ ಕೂಲಿ ಎಷ್ಟು ಕೊಡ್ತಾರಪ್ಪ?”

“ಕೂಲಿ ಇಲ್ಲ ತಾತ. ಸಿಕ್ಕಿದ್ದೆಲ್ಲ ಅನಾಥಾಲಯಕ್ಕೆ ಕೊಡ್ಬೇಕು.”

“ಬಚ್ಚಿಟ್ಕೊಂಡ್ರೆ?”

“ಶಿಕ್ಷೆ. ಒಂದು ದಿಕ್ಸೂಚಿ ಬಚ್ಚಿಟ್ಟು ಸಿಕ್ಕಿಬಿದ್ದಿದ್ದಳು.”

ತಾತ ನಕ್ಕರು. “ಹಂಗಾದ್ರೆ ಗಣಿ ಗೊತ್ತಿರೋನೇ ಬರ್ದವ್ನೆ.”

ಪುಸ್ತಕದಲ್ಲಿ ರಾಕ್ಷಸ ಪ್ರಾಣಿಗಳಿವೆ, ಶಾಪವಿದೆ, ಯಂತ್ರದ ಹುಡುಗನಿದ್ದಾನೆ. ನಮ್ಮೂರಿನವರಿಗೆ ಅವೆಲ್ಲ ನಂಬೋ ಹಾಗೇ ಇವೆ. ನಂಬೋಕೆ ಕಷ್ಟವಾಗೋದು ಒಂದೇ: ಮನೇಲಿ ಕಾಯೋ ಹೊಟ್ಟೆಗಳಿಲ್ಲದೆ, ಬರೀ ಆಸೆಯಿಂದ ಒಬ್ಬಳು ಕೆಳಗೆ ಇಳೀತಾಳೆ ಅನ್ನೋದು.