ಹೋಟಗಿಯಿಂದ ಮೂರು ಕ್ಷೇತ್ರಗಳು

ದೂರದ ಕ್ಷೇತ್ರಗಳಿಗಾಗಿ ಹಂಬಲಿಸುವ ನಾವು ಮನೆಯ ಮಗ್ಗುಲಲ್ಲಿರುವವನ್ನು ಮರೆಯುವುದುಂಟು. ಹೋಟಗಿಯಿಂದ ಬೆಳಗಿನಲ್ಲಿಯೇ ಹೊರಟರೆ ಮೂರು ಬಗೆಯ ಭಕ್ತಿಮಾರ್ಗಗಳನ್ನು ಒಂದೇ ದಿನದಲ್ಲಿ ಕಂಡು ಬರಬಹುದು.

ಮೊದಲು ಸೋಲಾಪುರ, ಅಂದಿನ ಸೊನ್ನಲಿಗೆ. ಕೆರೆಯ ನಡುವೆ ಸಿದ್ಧರಾಮೇಶ್ವರರ ಗುಡಿ. 12ನೆಯ ಶತಮಾನದ ಈ ಶಿವಯೋಗಿಗಳು ಕೆರೆ ಕಟ್ಟಿಸಿ, ಊರ ಸುತ್ತ 68 ಲಿಂಗಗಳನ್ನು ಸ್ಥಾಪಿಸಿದರೆಂಬುದು ಪರಂಪರೆಯ ಮಾತು. ಸಂಕ್ರಾಂತಿಯ ಜಾತ್ರೆಯಲ್ಲಿ ನಂದಿಧ್ವಜಗಳು ಇಂದಿಗೂ ಆ ಲಿಂಗಗಳ ದರ್ಶನಕ್ಕೆ ಹೊರಡುತ್ತವೆ.

ಅಲ್ಲಿಂದ ದಕ್ಷಿಣಕ್ಕೆ, ಭೀಮಾ-ಸೀನಾ ನದಿಗಳು ಕೂಡುವ ಹತ್ತರಸಂಗ ಕೂಡಲ. ಸಂಗಮೇಶ್ವರನ ಸಮೀಪದಲ್ಲಿಯೇ ಹರಿಹರೇಶ್ವರ; ಹರಿ ಬೇರೆ, ಹರ ಬೇರೆ ಎಂಬ ವಾದಕ್ಕೆ ಇಲ್ಲಿ ಎಡೆಯಿಲ್ಲ. ಸಂಗಮೇಶ್ವರ ಗುಡಿಯಲ್ಲಿರುವ ಕ್ರಿ.ಶ. 1018ರ ಬರಹವು ಮರಾಠಿಯ ಅತಿ ಹಳೆಯ ಶಾಸನಗಳಲ್ಲೊಂದು. ಆಗ ಈ ನಾಡನ್ನು ಆಳುತ್ತಿದ್ದವರು ಕನ್ನಡದ ಚಾಲುಕ್ಯ ಅರಸರು!

ಕೊನೆಗೆ ಅಕ್ಕಲಕೋಟೆ. ಆಲದ ಮರದ ನೆರಳಿನಲ್ಲಿ ಸ್ವಾಮಿ ಸಮರ್ಥರ ಮಂದಿರ. 1878ರಲ್ಲಿ ಸಮಾಧಿಸ್ಥರಾದ ಅವರನ್ನು ಭಕ್ತರು ದತ್ತಾವತಾರವೆಂದೇ ನಂಬುತ್ತಾರೆ. ಇಲ್ಲಿ ಕೈಮುಗಿದು ಕಲಬುರಗಿ ಜಿಲ್ಲೆಯ ಗಾಣಗಾಪುರಕ್ಕೂ ಸಾಗುತ್ತಾರೆ. ಭಕ್ತಿಗೆ ಗಡಿಯೆಲ್ಲಿಯದು?

ಆದರೆ ಒಂದು ಚಿಂತೆ ನಮ್ಮನ್ನು ಕಾಡುತ್ತದೆ. ಸಿದ್ಧರಾಮರು ವಚನಗಳನ್ನು ನುಡಿದದ್ದು ಕನ್ನಡದಲ್ಲಿ. ಅವರ ಗುಡಿಯಲ್ಲಿ ತಲೆಬಾಗುವ ನಮ್ಮ ಮಕ್ಕಳಲ್ಲಿ ಎಷ್ಟು ಜನ ಅವನ್ನು ಓದಬಲ್ಲರು? ಅವರು ಮರಾಠಿಯನ್ನು ಕಲಿಯಲಿ, ಪ್ರೀತಿಸಲಿ. ಎರಡು ನುಡಿಗಳ ಒಡನಾಟ ಈ ಮಣ್ಣಿಗೆ ಹೊಸದಲ್ಲವೆಂದು ಕೂಡಲದ ಕಲ್ಲೇ ಸಾರುತ್ತಿದೆ. ಅದರೊಡನೆ, ಮುಂದಿನ ಜಾತ್ರೆಯಿಂದ ಬೆಂಡು-ಬತ್ತಾಸಿನ ಜೊತೆಗೆ ಒಂದು ವಚನದ ಪುಸ್ತಕವೂ ನಮ್ಮ ಮನೆಗಳಿಗೆ ಬರಲಿ.