ಅಬ್ಬಾನ ಕನ್ನಡ

ಕಳೆದ ವರ್ಷ ಕಾಲೇಜಿನ ಕಾರ್ಯಕ್ರಮದಲ್ಲಿ ನಾನು ಮಿಮಿಕ್ರಿ ಮಾಡಿದ್ದು ನಿಮಗೆ ನೆನಪಿರಬಹುದು. 'ನಮ್ದುಕೆ, ನಿಮ್ದುಕೆ' ಎಂದು ಕನ್ನಡ ಮಾತಾಡುವ ಆಟೋ ಡ್ರೈವರ್, ಮೀಟರ್ ಮೇಲೆ ಒಂದೂವರೆ ಕೇಳಿ ಜಗಳವಾಡುತ್ತಾನೆ. ಎಲ್ಲರೂ ಬಿದ್ದು ಬಿದ್ದು ನಕ್ಕಿರಿ. ಅದು ನಮ್ಮ ಅಬ್ಬಾನ ಮಾತಿನ ಧಾಟಿ ಎಂದು ನಾನು ಯಾರಿಗೂ ಹೇಳಿರಲಿಲ್ಲ.

ನನಗೆ ಈ ಹುಚ್ಚು ಹಿಡಿಸಿದವರು ಡ್ಯಾನಿಶ್ ಸೇಟ್. ಬೆಂಗಳೂರಿನವರೇ. ರೇಡಿಯೊ ಜಾಕಿಯಾಗಿದ್ದಾಗ ಫೋನ್ ಮಾಡಿ ಜನರನ್ನು ಬೇಸ್ತು ಬೀಳಿಸುತ್ತಿದ್ದರು. ಆ ಕರೆಗಳಲ್ಲಿ ಹುಟ್ಟಿದ ನೊಗ್ರಾಜ್ ಎಂಬ ಪಾತ್ರವೇ 2018ರಲ್ಲಿ 'ಹಂಬಲ್ ಪೊಲಿಟಿಷಿಯನ್ ನೊಗ್ರಾಜ್' ಸಿನಿಮಾ ಆಯಿತು. ನಿರ್ದೇಶಕರು ಸಾದ್ ಖಾನ್. ಆರ್‌ಸಿಬಿಯ ಮಿಸ್ಟರ್ ನ್ಯಾಗ್ಸ್ ಕೂಡ ಇವರೇ. 2020ರ ಲಾಕ್‌ಡೌನ್‌ನಲ್ಲಿ ಮನೆಯಲ್ಲೇ ಕುಳಿತು, ಎಲ್ಲ ಪಾತ್ರಗಳನ್ನೂ ತಾವೇ ಮಾಡಿ ಚಿಕ್ಕ ಚಿಕ್ಕ ವಿಡಿಯೊ ಹಾಕುತ್ತಿದ್ದರು. ಕಾಮರ್ಸ್ ಓದುವ ನನಗೆ ಈಗ ಅನಿಸುತ್ತದೆ: ಬೇರೆ ನಟರ ಸಂಬಳವಿಲ್ಲ, ಸೆಟ್ಟಿನ ಖರ್ಚಿಲ್ಲ, ಆದರೂ ಊರೆಲ್ಲ ನಕ್ಕಿತು.

ಆಗ ನಮ್ಮ ಮನೆಯಲ್ಲಿ ನಗುವಂಥದ್ದು ಏನೂ ಇರಲಿಲ್ಲ. ಚಾಮರಾಜಪೇಟೆಯ ನಮ್ಮ ಗಲ್ಲಿಯಲ್ಲಿ ಅಬ್ಬಾನ ಆಟೋ ತಿಂಗಳುಗಟ್ಟಲೆ ನಿಂತಿತ್ತು. ರಾತ್ರಿ ಒಂದೇ ಫೋನಿನ ಸುತ್ತ ಐದೂ ಜನ ಕೂರುತ್ತಿದ್ದೆವು. ಜುಲೈ 24ರಂದು 'ಫ್ರೆಂಚ್ ಬಿರಿಯಾನಿ' ಬಂತು. ಥಿಯೇಟರುಗಳು ಮುಚ್ಚಿದ್ದರಿಂದ ನೇರವಾಗಿ ಅಮೆಜಾನ್ ಪ್ರೈಮ್‌ನಲ್ಲಿ. ಪನ್ನಗ ಭರಣ ನಿರ್ದೇಶನ, ಪುನೀತ್ ರಾಜ್‌ಕುಮಾರ್ ಅವರ ಪಿಆರ್‌ಕೆ ಸಂಸ್ಥೆಯ ನಿರ್ಮಾಣ. ಡ್ಯಾನಿಶ್ ಅದರಲ್ಲಿ ಶಿವಾಜಿನಗರದ ಆಟೋ ಡ್ರೈವರ್ ಅಸ್ಗರ್. ಫ್ರಾನ್ಸಿನವನೊಬ್ಬ ಅವನ ಆಟೋ ಹತ್ತಿ ಇಬ್ಬರೂ ಫಜೀತಿಗೆ ಬೀಳುತ್ತಾರೆ. ಅಬ್ಬಾ ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ಅಸ್ಗರನ ಕನ್ನಡ ಅವರದೇ ಕನ್ನಡದಂತಿತ್ತು.

ಅದೇ ಧೈರ್ಯದಲ್ಲಿ ನನ್ನ ಮಿಮಿಕ್ರಿಯ ವಿಡಿಯೊ ತೋರಿಸಿದೆ. ಮೊದಲು ನಕ್ಕರು. ಆಮೇಲೆ ಸುಮ್ಮನಾದರು.

"ಯೆ ಮೈಚ್ ಕ್ಯಾ ರೇ?" ಎಂದರು. ಇದು ನಾನೇ ಏನೋ ಅಂತ.

ನಾನು ತಲೆ ತಗ್ಗಿಸಿದೆ.

"ಮಾತು ನಂದೇ, ಸರಿ. ನಾನು ಯಾವತ್ತು ಒಂದೂವರೆ ಕೇಳಿದ್ದೆ?"

ನನ್ನ ಹತ್ತಿರ ಉತ್ತರವಿರಲಿಲ್ಲ. ಅಬ್ಬಾ ಶಾಲೆಯಲ್ಲಿ ಕನ್ನಡ ಕಲಿತವರಲ್ಲ. ಪಂಪ ಮಹಾಕವಿ ರಸ್ತೆಯಲ್ಲಿ, ಕನ್ನಡ ಸಾಹಿತ್ಯ ಪರಿಷತ್ತಿನ ಹತ್ತಿರ ಆಟೋ ನಿಲ್ಲಿಸಿಕೊಂಡು, ಹತ್ತಿದವರ ಬಾಯಿಂದ ಒಂದೊಂದೇ ಮಾತು ಕಲಿತರು. ಆ ಕನ್ನಡದಲ್ಲೇ ನನ್ನ ಫೀಸು ಕಟ್ಟುತ್ತಿದ್ದಾರೆ. ಅಸ್ಗರ್ ತಪ್ಪು ಕನ್ನಡ ಮಾತಾಡಿದರೂ ಇಡೀ ಕಥೆ ಅವನ ಆಟೋದಲ್ಲೇ ಓಡುತ್ತದೆ. ನಾನು ಅಬ್ಬಾನ ಮಾತನ್ನಷ್ಟೇ ತೆಗೆದುಕೊಂಡು, ಮನುಷ್ಯನನ್ನು ಬಿಟ್ಟು, ಜಾಗ ತುಂಬಲು ಒಬ್ಬ ಮೋಸಗಾರನನ್ನು ಕೂರಿಸಿದ್ದೆ.

ಈ ವರ್ಷವೂ ಮಿಮಿಕ್ರಿ ಮಾಡುತ್ತೇನೆ ಗೆಳೆಯರೇ. ಅಬ್ಬಾನೇ ಕೂತು ಅಭ್ಯಾಸ ಮಾಡಿಸುತ್ತಿದ್ದಾರೆ. "ಇದು ಹಂಗಲ್ಲ, ಹಿಂಗೆ" ಎಂದು ತಿದ್ದುತ್ತಾರೆ. ಅವರದು ಒಂದೇ ಷರತ್ತು: ಈ ಸಲ ಡ್ರೈವರ್ ಮೀಟರ್ ಹಾಕಬೇಕು.