ಕಂಪನಿ ಮುಳುಗಿದ ಮೇಲೆ ಕ್ಲಬ್ ಎಲ್ಲಿರುತ್ತೆ? ಸ್ಕಾಟ್ಲೆಂಡ್ ಫುಟ್‌ಬಾಲ್, 2012–13

(1/6)
ಕಂಪನಿ ಲಾ ಓದೋರಿಗೆಲ್ಲ ಒಂದು ಲೈನ್ ಬಾಯಿಪಾಠ ಆಗಿರುತ್ತೆ: ಕಂಪನಿ ಬೇರೆ, ಅದರ ಮಾಲೀಕರು ಬೇರೆ. 1897ರ ಸಾಲೊಮನ್ ಕೇಸ್. ಎಕ್ಸಾಮಲ್ಲಿ ಬರೆದು ಬಂದ್ರೆ ಮಾರ್ಕ್ಸ್ ಗ್ಯಾರಂಟಿ. ಆದ್ರೆ ಕಂಪನಿ ಬೇರೆ, ಅದರ ಅಭಿಮಾನಿಗಳೂ ಬೇರೆನಾ? ಇದಕ್ಕೆ ನಮ್ಮ ಟೆಕ್ಸ್ಟ್‌ಬುಕ್‌ನಲ್ಲಿ ಉತ್ತರ ಇಲ್ಲ. ಸ್ಕಾಟ್ಲೆಂಡ್‌ನ ಒಂದು ಇಡೀ ಫುಟ್‌ಬಾಲ್ ಸೀಸನ್ ಈ ಪ್ರಶ್ನೆ ಮೇಲೇ ನಡೀತು.

ರೇಂಜರ್ಸ್ ಅನ್ನೋ ಹೆಸರು ಕೆಲವರಿಗೆ ಗೊತ್ತಿರುತ್ತೆ. 2019ರಲ್ಲಿ ನಮ್ಮ ಬೆಂಗಳೂರು ಎಫ್‌ಸಿ ಜೊತೆ ಒಪ್ಪಂದ ಮಾಡ್ಕೊಂಡಿದ್ದ ಗ್ಲಾಸ್ಗೋ ಕ್ಲಬ್. 1872ರಲ್ಲಿ ಹುಟ್ಟಿದ್ದು, 2012ರ ಹೊತ್ತಿಗೆ 54 ಲೀಗ್ ಟೈಟಲ್ ಗೆದ್ದಿತ್ತು. ಐಬ್ರಾಕ್ಸ್ ಅನ್ನೋ ಅವರ ಸ್ಟೇಡಿಯಂನಲ್ಲಿ ಸುಮಾರು 50 ಸಾವಿರ ಜನ ಕೂರಬಹುದು. ಅಷ್ಟು ದೊಡ್ಡ ಕ್ಲಬ್ ಹೇಗೆ ಮುಳುಗ್ತು ಅಂತ ಲೆಕ್ಕ ನೋಡೋಣ.

(2/6)
ಮೇ 2011ರಲ್ಲಿ ಡೇವಿಡ್ ಮರ್ರೆ ಅನ್ನೋ ಉದ್ಯಮಿ ಕ್ಲಬ್‌ನ ತಮ್ಮ ಷೇರುಗಳನ್ನ ಕ್ರೇಗ್ ವೈಟ್ ಅನ್ನೋರಿಗೆ ಮಾರಿದ್ರು. ಬೆಲೆ 1 ಪೌಂಡ್. ಹೌದು, ಒಂದೇ ಒಂದು. ಜೊತೆಗೆ ಸುಮಾರು 18 ಮಿಲಿಯನ್ ಪೌಂಡ್ ಬ್ಯಾಂಕ್ ಸಾಲ ತೀರಿಸಬೇಕಿತ್ತು. ಆ ದುಡ್ಡು ಎಲ್ಲಿಂದ ಬಂತು? ಅಭಿಮಾನಿಗಳು ಮುಂದಿನ ವರ್ಷಗಳಲ್ಲಿ ಕೊಳ್ಳಬೇಕಿದ್ದ ಸೀಸನ್ ಟಿಕೆಟ್‌ಗಳನ್ನ ಇನ್ನೊಂದು ಕಂಪನಿಗೆ ಮುಂಚೇನೇ ಮಾರಿದ್ರು. ಬಿತ್ತೋಕೆ ಮೊದಲೇ ಬೆಳೆ ಮಾರಿದಂಗೆ.

ಆಮೇಲೆ ಆಟಗಾರರ ಸಂಬಳದಲ್ಲಿ ಹಿಡಿದ ತೆರಿಗೆ (ನಮ್ಮ ಟಿಡಿಎಸ್ ಥರ), ವ್ಯಾಟ್, ಎರಡೂ ಸರ್ಕಾರಕ್ಕೆ ಹೋಗಲಿಲ್ಲ. 2012ರ ಫೆಬ್ರವರಿ 14ಕ್ಕೆ ಕಂಪನಿ ಅಡ್ಮಿನಿಸ್ಟ್ರೇಶನ್‌ಗೆ ಹೋಯ್ತು, ಲೀಗ್‌ನಲ್ಲಿ 10 ಪಾಯಿಂಟ್ ಕಟ್ ಆಯ್ತು. ಜೂನ್‌ನಲ್ಲಿ ತೆರಿಗೆ ಇಲಾಖೆ ರಾಜಿಗೆ ಒಪ್ಪಲಿಲ್ಲ. ಮುಂದೆ ಉಳಿದಿದ್ದು ಲಿಕ್ವಿಡೇಶನ್ ಮಾತ್ರ. ಚಾರ್ಲ್ಸ್ ಗ್ರೀನ್ ಮತ್ತೆ ಅವರ ಗುಂಪು ಹೊಸ ಕಂಪನಿ ಮಾಡಿ, ಸ್ಟೇಡಿಯಂ ಸಮೇತ ಆಸ್ತಿಯನ್ನೆಲ್ಲ 5.5 ಮಿಲಿಯನ್ ಪೌಂಡ್‌ಗೆ ಕೊಂಡ್ರು. ಸಾಲ ಹಳೇ ಕಂಪನಿ ಜೊತೇನೇ ಉಳೀತು. (ಕ್ಲಬ್ ಖರೀದಿಯಲ್ಲಿ ವಂಚನೆ ಮಾಡಿದ್ರು ಅಂತ ವೈಟ್ ಮೇಲೆ ಕೇಸ್ ನಡೀತು. 2017ರಲ್ಲಿ ಜ್ಯೂರಿ ನಿರ್ದೋಷಿ ಅಂತು.)

(3/6)
ಹಳೇ ಕಂಪನಿ ಯಾರ‍್ಯಾರಿಗೆ ಕೊಡಬೇಕು ಅನ್ನೋ ಪಟ್ಟಿಯಲ್ಲಿ ತೆರಿಗೆ ಇಲಾಖೆ ಇತ್ತು, ಬೇರೆ ಕ್ಲಬ್‌ಗಳಿದ್ವು, ಪೊಲೀಸ್ ಇಲಾಖೆ, ಆಂಬ್ಯುಲೆನ್ಸ್ ಸೇವೆ ಇದ್ವು. ಪೇಪರ್ ಅಂಗಡಿ, ಮಕ್ಕಳ ಮುಖಕ್ಕೆ ಬಣ್ಣ ಬಳಿಯೋ ಕೆಲಸದವರು ಕೂಡ ಇದ್ರು. ನಮ್ಮ ನೋಟ್ಸ್‌ನಲ್ಲಿ ಇವರಿಗೆಲ್ಲ 'ಅನ್‌ಸೆಕ್ಯೂರ್ಡ್ ಕ್ರೆಡಿಟರ್ಸ್' ಅಂತೀವಿ. ಅಡಮಾನ ಇಲ್ಲದೆ, ನಂಬಿಕೆ ಮೇಲೆ ಕೊಟ್ಟೋರು.

ಆ ಪದ ನಂಗೆ ಕ್ಲಾಸಿಗಿಂತ ಮೊದಲೇ ಗೊತ್ತಿತ್ತು, ಹೆಸರು ಮಾತ್ರ ಗೊತ್ತಿರಲಿಲ್ಲ. ದಾವಣಗೆರೆಯಲ್ಲಿ ಅಪ್ಪಂದು ಪುಟ್ಟ ಪ್ರಿಂಟಿಂಗ್ ಪ್ರೆಸ್ ಐತಿ. ಒಂದು ಟ್ರೇಡಿಂಗ್ ಕಂಪನಿಗೆ ಬಿಲ್ ಬುಕ್, ಕ್ಯಾಲೆಂಡರ್ ಎಲ್ಲ ಸಾಲದ ಮೇಲೆ ಮಾಡಿಕೊಟ್ಟಿದ್ರು. ₹38,000 ಬಾಕಿ ಇದ್ದಾಗ ಕಂಪನಿ ಬಾಗಿಲು ಹಾಕ್ತು. ನಾಲ್ಕು ತಿಂಗಳಿಗೆ ಅದೇ ಗೋಡೌನ್, ಅದೇ ಜನ, ಹೊಸ ಬೋರ್ಡ್. ಹೊಸ ಬಿಲ್ ಬುಕ್ ಬೇಕು ಅಂತ ನಮ್ಮ ಪ್ರೆಸ್ಸಿಗೇ ಬಂದ್ರು!

"ಈಗ ಕೆಲಸನೂ ಕಮ್ಮಿ ಐತಿ, ತಗೊಂಬಿಡ್ರಿ," ಅಂದ್ಲು ಅಮ್ಮ.

ಅಪ್ಪ ಹೇಳಿದ್ದು ಇಷ್ಟೇ: "ಹಳೇದು ಕೊಡ್ಲಿ. ಆಮೇಲೆ ಹೊಸದು."

ಅವರು ಕೊಡಲಿಲ್ಲ, ಆರ್ಡರ್ ಬೇರೆ ಪ್ರೆಸ್ಸಿಗೆ ಹೋಯ್ತು. ಆ ತಿಂಗಳು ನಮ್ಮನೇಲಿ ಕೈ ಬಿಗಿ ಇತ್ತು.

(4/6)
ಜುಲೈ 2012ರಲ್ಲಿ ಸ್ಕಾಟ್ಲೆಂಡ್‌ನ ಕ್ಲಬ್‌ಗಳ ಮುಂದೆ ಇದ್ದಿದ್ದೂ ಇದೇ ಲೆಕ್ಕ. ಹೊಸ ಕಂಪನಿಯ ರೇಂಜರ್ಸ್‌ನ ಟಾಪ್ ಲೀಗ್‌ಗೆ ಸೇರಿಸ್ಕೋಬೇಕಾ? ಸೇರಿಸ್ಕೊಂಡ್ರೆ ಟಿವಿ ದುಡ್ಡು ಸೇಫ್. ರೇಂಜರ್ಸ್ ಬಂದ ದಿನ ಸಣ್ಣ ಊರಿನ ಸ್ಟೇಡಿಯಂ ಕೂಡ ತುಂಬುತ್ತೆ. ಬೇಡ ಅಂದ್ರೆ ನಷ್ಟ ತಮ್ಮದೇ.

ಆದ್ರೆ ಆ ಕ್ಲಬ್‌ಗಳ ಅಭಿಮಾನಿಗಳು ಬಿಡಲಿಲ್ಲ. ನಿಯಮ ಎಲ್ರಿಗೂ ಒಂದೇ, ದೊಡ್ಡವರಿಗೆ ಬೇರೆ ಮಾಡಿದ್ರೆ ಸೀಸನ್ ಟಿಕೆಟ್ ಕೊಳ್ಳಲ್ಲ ಅಂತ ಪಟ್ಟು ಹಿಡಿದ್ರು. ಜುಲೈ 4ರ ವೋಟಿನಲ್ಲಿ 10 ಕ್ಲಬ್ 'ಬೇಡ' ಅಂದ್ವು. ಕಿಲ್ಮಾರ್ನಾಕ್ ವೋಟ್ ಹಾಕಲಿಲ್ಲ. ಪರವಾಗಿ ಬಿದ್ದ ಒಂದೇ ವೋಟು ರೇಂಜರ್ಸ್‌ದೇ! ಜುಲೈ 13ಕ್ಕೆ ಕೆಳಗಿನ ಲೀಗ್‌ನ 30 ಕ್ಲಬ್‌ಗಳಲ್ಲಿ 25, ಎಲ್ಲಕ್ಕಿಂತ ಕೆಳಗಿಂದ ಅಂದ್ರೆ ನಾಲ್ಕನೇ ದರ್ಜೆಯಿಂದ ಶುರು ಮಾಡ್ಲಿ ಅಂದ್ವು.

ನಂಗೆ ಈ ಇಡೀ ಕಥೆಯಲ್ಲಿ ಕಾಣೋ ಹೀರೋಗಳು ಇವರೇ. ಬೇರೆಯವರಿಗೆ ನಿಯಮ ಹೇಳೋದು ಸುಲಭ. ನಮ್ಮ ಜೇಬಿಂದ ದುಡ್ಡು ಹೋಗೋವಾಗಲೂ ಅದೇ ನಿಯಮ ಹೇಳಿದ್ರೆ ಅದಕ್ಕೊಂದು ತೂಕ.

(5/6)
ಈಗ ನಾಣ್ಯದ ಇನ್ನೊಂದು ಮುಖ. ಆಗಸ್ಟ್ 11ಕ್ಕೆ ಪೀಟರ್‌ಹೆಡ್ ಅನ್ನೋ ಮೀನುಗಾರರ ಊರಲ್ಲಿ ಮೊದಲ ಲೀಗ್ ಮ್ಯಾಚ್. ಸೋಲೋ ಹೊತ್ತಲ್ಲಿ ಕೊನೇ ಗಳಿಗೆಯ ಗೋಲು, 2-2 ಡ್ರಾ. ಮುಂದಿನ ವಾರ ಐಬ್ರಾಕ್ಸ್‌ನಲ್ಲಿ ಈಸ್ಟ್ ಸ್ಟರ್ಲಿಂಗ್‌ಶೈರ್ ಮೇಲೆ ಆಟ. ಎಷ್ಟು ಜನ ಬಂದ್ರು ಗೊತ್ತಾ? 49,118. ನಾಲ್ಕನೇ ದರ್ಜೆ ಮ್ಯಾಚಿಗೆ!

ಕಂಪನಿ ಮುಳುಗಿಸಿದ್ದು ಈ ಜನ ಅಲ್ಲ. ಇವರು ಇನ್ನೂ ಕೊಳ್ಳದ ಟಿಕೆಟ್ಟನ್ನೇ ಮಾರಿದ್ರಲ್ಲ! ಆದ್ರೂ ಶಿಕ್ಷೆ ಇವರಿಗೂ ಬಿತ್ತು, ಇವರೇ ಬಂದು ಕೂತ್ರು. ಮಾರ್ಚ್‌ನಲ್ಲಿ ಅನ್ನಾನ್ ಅನ್ನೋ ಸಣ್ಣ ಊರಿನ ಟೀಮ್ ಐಬ್ರಾಕ್ಸಿಗೇ ಬಂದು 2-1ರಿಂದ ಸೋಲಿಸ್ತು. ಆ ಊರಿನ ಎಲ್ಲರೂ ಬಂದು ಕೂತಿದ್ರೂ ಸ್ಟೇಡಿಯಂ ಕಾಲು ಭಾಗ ತುಂಬ್ತಿರಲಿಲ್ಲ. ಆದ್ರೂ ಆ ವರ್ಷದ ಡಿವಿಷನ್ ಗೆದ್ದಿದ್ದು ರೇಂಜರ್ಸೇ.

ಮೇಲಿನ ಲೀಗ್ ಏನಾಯ್ತು? ಮುಳುಗೇ ಹೋಗುತ್ತೆ ಅಂತ ಹೆದರಿಸಿದ್ರು, ಮುಳುಗಲಿಲ್ಲ. ಸೆಲ್ಟಿಕ್ ಲೀಗ್ ಗೆದ್ದಿದ್ದಲ್ಲದೆ, ಚಾಂಪಿಯನ್ಸ್ ಲೀಗ್‌ನಲ್ಲಿ ಬಾರ್ಸಿಲೋನಾನ 2-1ರಿಂದ ಸೋಲಿಸ್ತು. ಅದರಲ್ಲಿ ಒಂದು ಗೋಲು ಹೊಡೆದ ಟೋನಿ ವಾಟ್‌ಗೆ ಆಗ 18 ವರ್ಷ, ನಮಗಿಂತ ಚಿಕ್ಕವನು! ಮೊದಲ ಸಲ ಟಾಪ್ ಲೀಗಿಗೆ ಬಂದಿದ್ದ ರಾಸ್ ಕೌಂಟಿ ಐದನೇ ಸ್ಥಾನ ಹಿಡೀತು. ಸೇಂಟ್ ಮಿರನ್ ಲೀಗ್ ಕಪ್ ಎತ್ತಿತು. ಹಾಗಂತ ಎಲ್ಲ ಸುಖಾಂತ್ಯನೂ ಅಲ್ಲ: 2013ರಲ್ಲೇ ಡನ್‌ಫರ್ಮ್‌ಲಿನ್, ಹಾರ್ಟ್ಸ್ ಕೂಡ ಅವರವರ ಸಾಲಕ್ಕೆ ಅಡ್ಮಿನಿಸ್ಟ್ರೇಶನ್‌ಗೆ ಹೋದ್ವು.

(6/6)
ರೇಂಜರ್ಸ್ ಟಾಪ್ ಲೀಗಿಗೆ ವಾಪಸ್ ಬಂದಿದ್ದು 2016ರಲ್ಲಿ. 2020–21ರಲ್ಲಿ ಒಂದೂ ಲೀಗ್ ಮ್ಯಾಚ್ ಸೋಲದೆ ಚಾಂಪಿಯನ್ ಆದ್ರು. ಅದು 55ನೇ ಟೈಟಲ್ ಅಂತಾರೆ ಅವರ ಅಭಿಮಾನಿಗಳು. ಹಳೇ ಕ್ಲಬ್ 2012ರಲ್ಲೇ ಸತ್ತೋಯ್ತು, ಇದು ಮೊದಲನೇದು ಅಂತಾರೆ ಸೆಲ್ಟಿಕ್‌ನವರು. ಈ ಜಗಳ ಇವತ್ತಿಗೂ ಮುಗಿದಿಲ್ಲ.

ನಂಗನ್ಸೋದು: ಆ 49,118 ಜನ ಯಾವ ಕಂಪನಿಯ ಹೆಸರು ನೋಡಿಯೂ ಬರಲಿಲ್ಲ. ಅವರಿಗೆ ಕ್ಲಬ್ ಅದೇ. ಸರಿ, ಒಪ್ಪೋಣ. ಆದ್ರೆ ಕ್ಲಬ್ ಅದೇ ಅಂದ್ಮೇಲೆ, ಮಕ್ಕಳ ಮುಖಕ್ಕೆ ಬಣ್ಣ ಬಳಿದವರ ಬಾಕಿನೂ ಅದೇ ಕ್ಲಬ್‌ದಲ್ವಾ? ಟೈಟಲ್ ಎಣಿಸೋವಾಗ ಒಂದೇ ಕ್ಲಬ್, ಸಾಲ ಎಣಿಸೋವಾಗ ಎರಡು ಕಂಪನಿ. ಕಾನೂನು ಇದಕ್ಕೆ ಹೂಂ ಅನ್ನುತ್ತೆ. ನಮ್ಮಪ್ಪ ಅನ್ನಲ್ಲ.

ನೀವು ಹೇಳಿ 👇 ಆ ಹತ್ತು ಕ್ಲಬ್‌ಗಳಲ್ಲಿ ಒಂದು ನಿಮ್ಮದಾಗಿದ್ರೆ, ಟಿವಿ ದುಡ್ಡು ಹೋದ್ರೂ ಪರವಾಗಿಲ್ಲ ಅಂತ 'ಬೇಡ' ಅಂತಿದ್ರಾ?